ನಡುವಿನ ಹಳದಿ ಪದರು

ಆ ವಾರ ನಾನು ಬಸವಕಲ್ಯಾಣದಿಂದ ಹುಮನಾಬಾದಿಗೆ ಹೊರಟದ್ದು ಅದು ಮೂರನೇ ಸಲ. ನನ್ನ ಮನೆಯ ಗ್ಯಾಸು ಆರಿಸಿ ತವರಿನ ಗ್ಯಾಸು ಹಚ್ಚುವುದು, ಅಲ್ಲಿಯದು ಆರಿಸಿ ಬಂದು ಮತ್ತೆ ಇಲ್ಲಿಯದು ಹಚ್ಚುವುದು. ನಡುವೆ ಒಂದು ಬಸ್ಸು. ಅಷ್ಟೇ ನನ್ನ ದಿನಚರಿಯಾಗಿತ್ತು.

ಅವ್ವ ಆಸ್ಪತ್ರೆಯಿಂದ ಮನೆಗೆ ಬಂದು ಹನ್ನೊಂದು ದಿನವಾಗಿತ್ತು. ಜ್ವರ ಬಿಟ್ಟಿತ್ತು, ಕೆಮ್ಮು ಕಡಿಮೆಯಾಗಿತ್ತು. ಆದರೆ ಊಟ ಮಾತ್ರ ಹತ್ತುತ್ತಿರಲಿಲ್ಲ. ಮುಂಜಾನೆ ಎರಡು ಚಮಚ ಗಂಜಿ, ಸಂಜೆ ಎರಡು ಗುಟುಕು ಹಾಲು. ಮೊದಲೇ ಸಣ್ಣ ಜೀವ. ಈಗ ಕೈಯ ಬಳೆಗಳು ಮೊಣಕೈವರೆಗೆ ಜಾರುತ್ತಿದ್ದವು. ಮನೆಗೆ ಬಂದು ನೋಡಿದ ಡಾಕ್ಟರು ಅಣ್ಣನನ್ನು ಬಾಗಿಲಾಚೆ ಕರೆದು ಹೇಳಿದ್ದರು: "ಸೋಮವಾರ ಕರಕೊಂಡು ಬರ್ರಿ. ತೂಕ ಹಿಂಗೇ ಇಳೀತಿದ್ರ ಮೂಗಿನಿಂದ ನಳಿಗಿ ಹಾಕಿ ಹೊಟ್ಟಿಗೆ ಹಾಲು ಬಿಡಬೇಕಾಗ್ತದ."

ಬಾಗಿಲಾಚೆ ಹೇಳಿದರೂ ಅವ್ವನಿಗೆ ಕೇಳಿಸಿತು. ಕಣ್ಣು ಮಂಜಾಗಿದ್ದರೂ ಅವಳ ಕಿವಿ ಇನ್ನೂ ಮೊದಲಿನಂತೆಯೇ ಇದೆ. ಎರಡನೇ ಸಲ ನಾನು ಹೋದಾಗ ಅವಳು ನೋವಿನ ಮಾತಾಡಲಿಲ್ಲ, ಸಾವಿನ ಮಾತಾಡಲಿಲ್ಲ. ಕೇಳಿದ್ದು ಒಂದೇ.

"ನಳಿಗಿ ಹಾಕಿದ್ರ ಲಿಂಗಕ್ಕ ತೋರಸೋದು ಹ್ಯಾಂಗ?"

ಹುಟ್ಟಿದಾಗ ಕಟ್ಟಿದ ಲಿಂಗ ಅವಳ ಕೊರಳಲ್ಲಿದೆ. ಅದನ್ನು ಎಡ ಅಂಗೈಯಲ್ಲಿಟ್ಟು, ಈಬತ್ತಿ ಅಂದರೆ ವಿಭೂತಿ ಹಚ್ಚಿ, ತಿನ್ನುವುದನ್ನು ಅದಕ್ಕೆ ಅರ್ಪಿಸಿಯೇ ಅವಳು ಬಾಯಿಗೆ ಹಾಕುವುದು. ಗುಳಿಗೆಯೂ ಹಾಗೆಯೇ. ಆಸ್ಪತ್ರೆಯಲ್ಲಿ ನರ್ಸು ಮೊದಲ ದಿನ ನೀರಿನ ಲೋಟ ಹಿಡಿದು ಕಾಯುತ್ತಾ ನಿಂತಿದ್ದಳಂತೆ. ಮೂರನೇ ದಿನ ತಾನೇ ಕರಡಿಗೆ ಬಿಚ್ಚಿ ಲಿಂಗವನ್ನು ಅಂಗೈಗೆ ಕೊಟ್ಟು, "ಜಲ್ದಿ ಪೂಜಾ ಮಾಡ್ರಿ ಅವ್ವಾರ, ಇನ್ನ ಆರ ಮಂದಿ ಇದ್ದಾರ" ಅಂದಳಂತೆ. ಅರ್ಪಿಸಿದ ಮೇಲೆ ಅದು ಪ್ರಸಾದ. ಪ್ರಸಾದವನ್ನು ಬಿಡುವಂತಿಲ್ಲ. ಊಟವಾದ ಮೇಲೆ ತಾಟಿಗೆ ನೀರು ಹಾಕಿ, ಬೆರಳಿನಿಂದ ಸುತ್ತಲೂ ತೊಳೆದು, ಆ ನೀರನ್ನೂ ಅವಳು ಕುಡಿಯುತ್ತಾಳೆ. ಸಣ್ಣವರಿದ್ದಾಗ ನಮಗೆ ಅವಳ ತಾಟು ತೊಳೆಯುವ ಕೆಲಸವೇ ಇರಲಿಲ್ಲ.

"ಏನ ತಿನಬೇಕನಸ್ತದ ಹೇಳವ್ವಾ. ಏನಿದ್ರೂ ಮಾಡಿ ತರ್ತೀನಿ" ಅಂದೆ. ಸಜ್ಜಕ ಅನ್ನಬಹುದು, ಹುಗ್ಗಿ ಅನ್ನಬಹುದು ಅಂದುಕೊಂಡಿದ್ದೆ.

ಅವಳು ತಿರುಗುವ ಫ್ಯಾನಿನ ಕಡೆ ನೋಡಿದಳು. "ನಿಮ್ಮ ಸಾಲ್ಯಾಗ ಸಿಸ್ಟರು ಕೊಟ್ಟಿದ್ರಲಾ. ಕೆಳಗ ಕರೇದು, ಮ್ಯಾಲ ಕರೇದು, ನಡುವ ಹಳದಿ. ಅದು."

ನನಗೆ ತಟ್ಟನೆ ನೆನಪಾಗಲಿಲ್ಲ. ನೆನಪಾದಾಗ ಮಾತ್ರ ಎಲ್ಲ ಒಮ್ಮೆಲೇ ಬಂತು.

ನಾನು ಓದಿದ್ದು ಹುಮನಾಬಾದಿನ ಒಂದು ಕಾನ್ವೆಂಟಿನಲ್ಲಿ. ಅಲ್ಲಿಯ ಅಡಿಗೆಮನೆ ನೋಡಿಕೊಳ್ಳುತ್ತಿದ್ದ ಸಿಸ್ಟರು ಕೇರಳದವರು. ದೊಡ್ಡ ಹುಡುಗಿಯರನ್ನು ಶನಿವಾರ ಮಧ್ಯಾಹ್ನ ಒಳಗೆ ಕರೆದು ಹೊಲಿಗೆ, ಇಸ್ತ್ರಿ, ಬೇಕಿಂಗು ಕಲಿಸುತ್ತಿದ್ದರು. ಅವರು ವರ್ಷಕ್ಕೊಮ್ಮೆ ಶಾಲೆಯ ಗ್ಯಾದರಿಂಗಿಗೆ ಮಾಡುತ್ತಿದ್ದ ಪುಡಿಂಗು ಅದು. ತಳಕ್ಕೆ ಚಾಕಲೇಟಿನ ಕೇಕು, ಅದರ ಮೇಲೆ ಒಂದು ಬೆರಳು ದಪ್ಪ ಕಸ್ಟರ್ಡು, ಮೇಲೆ ಕನ್ನಡಿಯಂತೆ ಹೊಳೆಯುವ ಚಾಕಲೇಟು. ನಾನು ಒಂಬತ್ತನೇ ತರಗತಿಯಲ್ಲಿದ್ದ ವರ್ಷ ಅವ್ವ ಗ್ಯಾದರಿಂಗಿಗೆ ಬಂದಿದ್ದಳು. ಕಾಗದದ ತಟ್ಟೆಯಲ್ಲಿ ಅವಳಿಗೂ ಒಂದು ತುಂಡು ಕೊಟ್ಟರು. ಅವಳು ತಿನ್ನಲಿಲ್ಲ. ತತ್ತಿ ಹಾಕಿರಬಹುದು ಎಂಬ ಅನುಮಾನ. ಆದರೆ ಕೇಳಿದರೆ ಕೊಟ್ಟವರಿಗೆ ಬೇಸರವಾಗುತ್ತದೆ ಎಂದು ಕೇಳಲೂ ಇಲ್ಲ. ಇಡೀ ಕಾರ್ಯಕ್ರಮ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂತು, ಕೊನೆಗೆ ಕರವಸ್ತ್ರದಲ್ಲಿ ಸುತ್ತಿ ಮನೆಗೆ ತಂದು ನನಗೆ ಕೊಟ್ಟಳು. ಇಳಕಲ್ ಸೀರೆಯ ಅಂಚಿಗೆ ಹತ್ತಿದ ಕಂದು ಕಲೆ ಎರಡು ಒಗೆತಕ್ಕೂ ಹೋಗಲಿಲ್ಲ.

ಅದರಲ್ಲಿ ತತ್ತಿ ಇತ್ತು. ನಾಲ್ಕು. ನಾನೇ ಒಡೆದಿದ್ದೆ. ಅವಳ ಮುಂದೆಯೇ ಕೂತು ಆ ತುಂಡು ತಿಂದೆ, ಆ ಮಾತು ಹೇಳಲಿಲ್ಲ. ಮೂವತ್ತೈದು ವರ್ಷದ ಮೇಲಾಯಿತು, ಇವತ್ತಿಗೂ ಹೇಳಿಲ್ಲ.

"ತತ್ತಿ ಹಾಕಲಾರದ ಮಾಡ್ತೀನವ್ವಾ" ಅಂದೆ.

"ಬರ್ತದೇನು ಹಂಗ?"

"ಬರ್ತದ. ಮೊಸರು ಹಾಕಿದ್ರ ಬರ್ತದ."

ಶನಿವಾರ ಮುಂಜಾನೆ ಐದಕ್ಕೆ ಎದ್ದೆ. ಬೇರೆ ದಿನವಾಗಿದ್ದರೆ ಇನ್ನೂ ಅರ್ಧ ತಾಸು ಮಲಗಬಹುದಿತ್ತು, ಆದರೆ ಅವತ್ತೇ ನಳ ಬರುವ ದಿನ. ನಮ್ಮ ಓಣಿಗೆ ನೀರು ಬಂದರೆ ಒಂದೂವರೆ ತಾಸು ಇರುತ್ತದೆ. ಅಷ್ಟರಲ್ಲಿ ಎರಡು ಡ್ರಮ್ಮು, ಹಿತ್ತಲಿನ ನೀರಿನ ತೊಟ್ಟಿ, ಕುಡಿಯುವ ಕೊಡಗಳು ಎಲ್ಲ ತುಂಬಬೇಕು. ಒಂದು ಕೈಯಲ್ಲಿ ಪೈಪು, ಇನ್ನೊಂದು ಕೈಯಲ್ಲಿ ಜರಡಿ ಎನ್ನುವ ಹಾಗೆ ಶುರುವಾಯಿತು. ಮೈದಾ, ಕೋಕೋ ಪುಡಿ, ಚಿಟಿಕೆ ಸೋಡಾ ಮೂರು ಸಲ ಜರಡಿ ಹಿಡಿದೆ. ಮೂರು ಸಲ ಯಾಕೆ ಎಂದು ಆಗ ಸಿಸ್ಟರಿಗೆ ಕೇಳಿದ್ದೆವು. "ಎರಡು ಸಲ ಹಿಟ್ಟಿಗೆ, ಒಂದು ಸಲ ನಿಮ್ಮ ತಾಳ್ಮೆಗೆ" ಅಂದಿದ್ದರು.

ಮೊಸರಿಗೆ ಸಕ್ಕರೆ ಹಾಕಿ ಕರಗುವವರೆಗೆ ತಿರುವಿದೆ, ಎಣ್ಣೆ ಸೇರಿಸಿದೆ, ಹಿಟ್ಟು ಕಲಸಿ ಚೌಕ ಡಬ್ಬಿಗೆ ಸುರಿದೆ. ಓವನ್ನು ಮಗಳದು. ಲಗ್ನವಾಗಿ ಹೋಗುವಾಗ ಅವರ ಮನೆಯಲ್ಲಿ ಇದೆಯೆಂದು ಬಿಟ್ಟು ಹೋದಳು. ಇಪ್ಪತ್ತು ನಿಮಿಷಕ್ಕೆ ಕರೆಂಟು ಹೋಯಿತು. ಓವನ್ನಿನ ಬಾಗಿಲು ತೆಗೆಯಬಾರದು, ತೆಗೆದರೆ ಕೇಕು ಕೂರುತ್ತದೆ. ಗಾಜಿನ ಹೊರಗಿನಿಂದ ನೋಡುತ್ತಾ ಸ್ಟೂಲಿನ ಮೇಲೆ ಕೂತೆ. ಕೇಕಿನ ನಡುಭಾಗ ಉಸಿರು ಬಿಟ್ಟ ಹಾಗೆ ಸ್ವಲ್ಪ ತಗ್ಗಿತು. ಕೂತಲ್ಲೇ ನನ್ನ ಕಣ್ಣೂ ಮುಚ್ಚಿದ್ದವೇನೋ. ಹಿತ್ತಲಿನಲ್ಲಿ ಡ್ರಮ್ಮು ತುಂಬಿ ನೀರು ಹರಿಯುವ ಸದ್ದಿಗೆ ಎಚ್ಚರವಾಯಿತು.

ಮನೆಯವರು ಚಹಾಕ್ಕೆ ಬಂದರು. ವಾಸನೆ ಹಿಡಿದು ಒಳಗೆ ಇಣುಕಿದರು.

"ನಿಮ್ಮವ್ವಗ ಕೇಕ ಬೇಕಂತೇನು? ಎಂಬತ್ತು ಸಮೀಪ ಬಂದ ಮ್ಯಾಲ ಬರ್ತಡೇ?"

"ಕೇಕಲ್ಲರಿ, ಪುಡಿಂಗು."

"ಏನರೇ ಅನ್ನು. ನೀ ಎಲ್ಲಾದಕ್ಕೂ ಮೊಸರೇ ಹಾಕಾಕಿ." ಚಹಾ ಕುಡಿದು ಲೋಟ ಕೆಳಗಿಟ್ಟು ನನ್ನ ಮುಖ ನೋಡಿದರು. "ಕಾರು ತರಸ್ಲೇನು? ಬಸ್ಸಿನಾಗ ಹ್ಯಾಂಗ ಒಯ್ತಿ?"

"ಬ್ಯಾಡ್ರಿ. ಕಾರಿನಾಗ ಹೋದ್ರ ಅವ್ವ ಅಂಜತಾಳ. ತನಗೇನೋ ಆಗ್ಯಾದ ಅಂತ ತಿಳಕೋತಾಳ."

ಕರೆಂಟು ಬಂತು, ಕೇಕು ಆಯಿತು. ತಣ್ಣಗಾದ ಮೇಲೆ ಮೇಲಿನ ಗಟ್ಟಿ ಭಾಗ ಕೊಯ್ದು ತೆಗೆದು, ಅವ್ವನಿಗೆ ನುಂಗಲು ಮೆತ್ತಗಿರಲೆಂದು ಹಾಲು ಚಿಮುಕಿಸಿದೆ. ಆಮೇಲೆ ಕಸ್ಟರ್ಡು. ಒಂದು ಲೀಟರು ಹಾಲು ಕಾಯಲಿಟ್ಟು, ಸಕ್ಕರೆ ಹಾಕಿ, ಪುಡಿಯನ್ನು ತಣ್ಣನೆ ಹಾಲಿನಲ್ಲಿ ಗಂಟಿಲ್ಲದಂತೆ ಕದಡಿ, ಸಣ್ಣ ಉರಿಯಲ್ಲಿ ಸುರಿಯುತ್ತಾ ತಿರುವುತ್ತಾ ನಿಂತೆ. ಇದಕ್ಕೆ ಕೈ ನಿಲ್ಲಿಸುವಂತಿಲ್ಲ. ನಿಲ್ಲಿಸಿದರೆ ತಳ ಹಿಡಿಯುತ್ತದೆ. ಹಿತ್ತಲಿನಲ್ಲಿ ಒಗೆಯುವ ಬಟ್ಟೆ ನೆನೆಯುತ್ತಿದ್ದವು. ಹಳದಿ ಗಟ್ಟಿಯಾಗುತ್ತಾ ಬಂತು. ಹಸಿ ಹಿಟ್ಟಿನ ವಾಸನೆ ಹೋಯಿತೋ ಇಲ್ಲವೋ ಎಂದು ಚಮಚ ಎತ್ತಿ ನೆಕ್ಕಿದೆ. ಹೋಗಿತ್ತು. ಅದೇ ಚಮಚವನ್ನು ಮತ್ತೆ ಪಾತೆಲಿಗೆ ಹಾಕಿ ತಿರುವಿದೆ.

ಎರಡು ಸುತ್ತು ತಿರುವಿದ ಮೇಲೆ ಕೈ ನಿಂತಿತು.

ಅವ್ವನ ಅಡಿಗೆಮನೆಯಲ್ಲಿ ಅಡಿಗೆಯ ರುಚಿ ನೋಡುವ ಪದ್ಧತಿಯೇ ಇಲ್ಲ. ಲಿಂಗಕ್ಕೆ ಮೊದಲು, ನಾಲಗೆಗೆ ಆಮೇಲೆ. ಉಪ್ಪು ಅಂದಾಜು, ಖಾರ ಅಂದಾಜು, ಹೆಚ್ಚುಕಡಿಮೆ ಆದರೂ ಆಯಿತು. ಸಿಸ್ಟರ ಅಡಿಗೆಮನೆಯಲ್ಲಿ ರುಚಿ ನೋಡದಿದ್ದರೆ ಬೈಗುಳ. ಅಲ್ಲಿ ಒಲೆಯ ಪಕ್ಕ ಬಸಿಯಲ್ಲಿ ಎರಡು ಚಮಚ ಇರುತ್ತಿದ್ದವು, ತಿರುವುವುದು ಒಂದು, ನೆಕ್ಕುವುದು ಒಂದು. ನಾನು ಇಬ್ಬರ ಮಾತನ್ನೂ ಮುರಿದಿದ್ದೆ. ಎಂಜಲು ಚಮಚ ಇಡೀ ಪಾತೆಲಿಯಲ್ಲಿ ತಿರುಗಿತ್ತು.

ಮತ್ತೆ ಮಾಡಲು ಹಾಲಿರಲಿಲ್ಲ. ತರಿಸಬಹುದಿತ್ತು. ಖರೆ ಹೇಳಬೇಕೆಂದರೆ ಹಾಲಿನದು ನೆಪ, ಇನ್ನೊಂದು ಸಲ ಒಲೆಯ ಮುಂದೆ ನಿಲ್ಲುವುದು ನನಗೆ ಬೇಡವಾಗಿತ್ತು. ಅವ್ವನಿಗೆ ಹೇಗೆ ತಿಳಿಯುತ್ತದೆ, ತಿಂದು ಬದುಕಿದರೆ ಸಾಕು ಎಂದು ಮನಸ್ಸಿಗೆ ಹೇಳಿಕೊಂಡು ಕಸ್ಟರ್ಡನ್ನು ಉಗುರುಬೆಚ್ಚಗೆ ಆರಿಸಿ ಕೇಕಿನ ಮೇಲೆ ಸುರಿದೆ. ಮೇಲೆ ಕರಗಿಸಿದ ಚಾಕಲೇಟು ಸುರಿದೆ. ಹೊಳೆಯುತ್ತಿತ್ತು. ಸಿಸ್ಟರು ನೋಡಿದ್ದರೆ ಮೆಚ್ಚುತ್ತಿದ್ದರು. ಅದನ್ನು ಫ್ರಿಜ್ಜಿನಲ್ಲಿಟ್ಟು, ನೆನೆದ ಬಟ್ಟೆ ಒಗೆದು ಹಾಕಿ, ಮಧ್ಯಾಹ್ನದ ಪಲ್ಯ ಮಾಡಿಟ್ಟು ಹೊರಟೆ.

ಸರಕಾರ ಹೆಂಗಸರಿಗೆ ಟಿಕೆಟ್ಟಿನ ರೊಕ್ಕ ಇಲ್ಲವೆಂದ ಮೇಲೆ ನಮ್ಮ ಕಡೆಯ ಬಸ್ಸುಗಳಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಹೇಗೋ ಸೀಟು ಸಿಕ್ಕಿತು. ಡಬ್ಬಿಗೆ ಒದ್ದೆ ಬಟ್ಟೆ ಸುತ್ತಿ ತೊಡೆಯ ಮೇಲೆ ಎರಡೂ ಕೈಯಿಂದ ಹಿಡಿದು ಕೂತೆ. ಬಂಗ್ಲಾ ಸ್ಟಾಪು ದಾಟಿ ಹೆದ್ದಾರಿ ಹತ್ತುವವರೆಗೂ ರಸ್ತೆಯ ಪ್ರತಿ ಕುಣಿಯೂ ನನ್ನ ಮೊಣಕಾಲಿಗೆ ಗೊತ್ತಾಗುತ್ತಿತ್ತು. ಪಕ್ಕದಲ್ಲಿ ಕೊಡಂಬಲದ ಕಡೆಯ ಒಬ್ಬ ಮುದುಕಿ, ಮಡಿಲಲ್ಲಿ ಮೆಂತ್ಯದ ಗಂಟು.

"ಏನದ ಬೇ ಡಬ್ಬ್ಯಾಗ? ಬಾಂಬ ಹಿಡಕೊಂಡಾಂಗ ಹಿಡಕೊಂಡೀದಿ."

"ಹಾಲಿಂದು ಮಾಡೀನಿ, ಆಯಿ. ನಮ್ಮವ್ವಗ."

"ಬಾಣಂತಿಯೇನು ನಿಮ್ಮವ್ವ?"

ಹಿಂದಿನ ಸೀಟಿನವರು ನಕ್ಕರು. ನಾನೂ ನಕ್ಕೆ. ಆರಾಮಿಲ್ಲ, ಊಟ ಸೇರುವುದಿಲ್ಲ ಎಂದು ಹೇಳಿದಾಗ ಮುದುಕಿ ನಗು ನಿಲ್ಲಿಸಿ ನನ್ನ ಡಬ್ಬಿಯ ಅಂಚಿಗೆ ತಾನೂ ಒಂದು ಕೈ ಹಚ್ಚಿದಳು. ಹುಮನಾಬಾದಿನ ಕಾರ್ಖಾನೆಗಳ ಖಾರ ಖಾರ ವಾಸನೆ ಮೂಗಿಗೆ ಬರುವವರೆಗೂ ಕೈ ತೆಗೆಯಲಿಲ್ಲ.

ಬಾಗಿಲು ತೆಗೆದವರು ವೈನಿ, ನಮ್ಮ ಅಣ್ಣನ ಹೆಂಡತಿ. ಕೈಯಲ್ಲಿ ಜೋಳದ ಹಿಟ್ಟು, ಕಣ್ಣ ಕೆಳಗೆ ಕಪ್ಪು. ಹನ್ನೊಂದು ದಿನದಿಂದ ಅವ್ವನ ಹಾಸಿಗೆ, ಮೈ, ಮದ್ದು ಎಲ್ಲ ಅವರ ಪಾಲಿಗೇ.

"ಬಂದ್ಯಾ ತಂಗಿ. ಮುಂಜಾನಿಂದ ಒಂದ ಚಮಚಾನೂ ಇಲ್ಲ. ನೀ ತರ್ತಿ ಅಂತ ಹೊಟ್ಟಿ ಖಾಲಿ ಇಟ್ಟಾರ. ನನ್ನ ಗಂಜಿಗೆ ಜಾಗಿಲ್ಲ, ನಿನ್ನ ಪುಡಿಂಗಿಗೆ ಅದ." ನಗುತ್ತಲೇ ಅಂದರು. ಆದರೆ ನಗು ಕಣ್ಣಿಗೆ ಮುಟ್ಟಲಿಲ್ಲ.

ಅವ್ವನನ್ನು ಒರೆಸಿ, ಸೀರೆ ಬದಲಿಸಿ, ದಿಂಬಿಗೆ ಆನಿಸಿ ಕೂರಿಸಿದ್ದರು. ಹಣೆಗೆ ಈಬತ್ತಿ ಹಚ್ಚಿಕೊಂಡು ತಯಾರಾಗಿದ್ದಳು, ಎಲ್ಲಿಗೋ ಹೊರಟವರ ಹಾಗೆ. ನಾನು ಒಂದು ತುಂಡು ಕೊಯ್ದು ತಾಟಿನಲ್ಲಿಟ್ಟು ಮುಂದೆ ಹಿಡಿದೆ. ಮೂರು ಪದರು ನೆಟ್ಟಗೆ ನಿಂತಿದ್ದವು. ಅವಳು ಬಗ್ಗಿ, ಮಂಜು ಕಣ್ಣಿನಿಂದ ಬಹಳ ಹೊತ್ತು ನೋಡಿದಳು.

"ಅದೇ" ಅಂದಳು.

ಕರಡಿಗೆ ಬಿಚ್ಚಿ ಲಿಂಗವನ್ನು ಅಂಗೈಗಿಟ್ಟುಕೊಂಡಳು. ತತ್ತಿ ಇದೆಯೇ ಎಂದು ಕೇಳಲಿಲ್ಲ, ಪಾತ್ರೆ ಯಾರದೆಂದು ಕೇಳಲಿಲ್ಲ. ಏನಾದರೂ ಕೇಳಿದ್ದರೆ ಸುಳ್ಳು ಹೇಳುವುದು ನನಗೆ ಸುಲಭವಾಗುತ್ತಿತ್ತು. ಅವಳು ಕಣ್ಣು ಮುಚ್ಚಿದಳು. ಒಂದು ತುಂಡನ್ನು ಅವಳ ಮುಂದೆ ಕೂತು ತಿಂದು ಸುಮ್ಮನಿದ್ದದ್ದು ಆಗಲೇ ಒಮ್ಮೆ ಆಗಿತ್ತು. ಎರಡನೇ ಸಲಕ್ಕೆ ನನ್ನಲ್ಲಿ ಶಕ್ತಿ ಇರಲಿಲ್ಲ.

"ಅವ್ವಾ, ತಡಿ. ನಾ ಚಮಚಾ ನೆಕ್ಕಿ ಮತ್ತ ಅದರಾಗೇ ಹಾಕೀನಿ. ಎಂಜಲ ಆಗ್ಯಾದ."

ಅವಳು ಕಣ್ಣು ತೆರೆದಳು. ಬೈಯಲಿಲ್ಲ. ಲಿಂಗವನ್ನು ಕಣ್ಣಿಗೊತ್ತಿ ಮತ್ತೆ ಕರಡಿಗೆಯಲ್ಲಿಟ್ಟು ಮುಚ್ಚಳ ಹಾಕಿದಳು. ಆ ಸಣ್ಣ ಮುಚ್ಚಳ ಕೂರುವ ಸದ್ದು ಇಡೀ ಪಡಸಾಲೆಗೆ ಕೇಳಿಸಿತು. ತಾಟನ್ನು ನನ್ನ ಕಡೆ ಸರಿಸಿ ಕೇಳಿದಳು:

"ಮತ್ತೊಮ್ಮಿ ಮಾಡ್ತಿಯೇನು?"

ಅಲ್ಲಿಯೇ ಕೂತು ಅತ್ತುಬಿಡೋಣ ಅನ್ನಿಸಿತು. "ಮಾಡ್ತೀನವ್ವಾ" ಅಂದೆ.

ಅಡಿಗೆಮನೆಯಲ್ಲಿ ವೈನಿ ಕಡೆಯ ರೊಟ್ಟಿ ತಟ್ಟುತ್ತಿದ್ದರು. ನನ್ನ ಕಡೆ ನೋಡದೆ ಕೇಳಿದರು.

"ಯಾಕ ಹೇಳ್ದಿ? ತಿಂದು ಮಲಗ್ತಿದ್ರು."

"ನೀವಿದ್ರ ಹೇಳ್ತಿರ್ಲಿಲ್ಲೇನ್ರಿ ವೈನಿ?"

"ನಾ ಹೇಳ್ತಿರ್ಲಿಲ್ಲ. ನೀ ಎರಡ ದಿನಕ್ಕ ಒಮ್ಮಿ ಬಂದು ಹೋಗಾಕಿ, ನಿನಗ ಚಂದ ಕಾಣ್ತದ. ನಾ ದಿನಾ ಇಲ್ಲೇ ಇರಾಕಿ. ದಿನಾ ಖರೆ ಹೇಳ್ಕೋತ ಕುಂತ್ರ ಮನಿ ನಡೀತದೇನು?" ರೊಟ್ಟಿ ಹಂಚಿಗೆ ಹಾಕಿ, ಒದ್ದೆ ಬಟ್ಟೆಯಿಂದ ನೀರು ಸವರಿದರು. ಆಮೇಲೆ ದನಿ ಇಳಿಸಿ, "ಸೋಮವಾರ ನಳಿಗಿ ಹಾಕಿದ್ರ ಆ ನಳಿಗಿ ತೊಳಿಯಾಕೀನೂ ನಾನೇ" ಅಂದರು.

ರೊಟ್ಟಿ ಉಬ್ಬಿತು. ಕೊನೆಗೆ ವೈನಿಯೇ ಹಂಚು ಇಳಿಸಿ, "ಏನೇನ ಬೇಕು ಹೇಳು" ಅಂದರು.

ಹೆದ್ದಾರಿ ಬದಿಯ ಒಂದು ಅಂಗಡಿಯಲ್ಲಿ ಈಗ ಬರ್ತಡೇ ಕೇಕಿನ ಸಾಮಾನೆಲ್ಲ ಸಿಗುತ್ತದೆ. ಕೋಕೋ, ಚಾಕಲೇಟು, ಕ್ರೀಮು, ಕಸ್ಟರ್ಡು ಪುಡಿ ತಂದೆ. ಓವನ್ನು ಇಲ್ಲ. ಕುಕ್ಕರಿನ ತಳಕ್ಕೆ ಎರಡು ಹಿಡಿ ಉಪ್ಪು ಹರಡಿ, ರಬ್ಬರು, ಸೀಟಿ ತೆಗೆದಿಟ್ಟು ಕಾಯಿಸಿದರೆ ಅದೇ ಓವನ್ನು. ಆದರೆ ವೈನಿಯ ಕುಕ್ಕರು ಸಣ್ಣದು, ಡಬ್ಬಿ ಹಿಡಿಸಲಿಲ್ಲ. ಉಪ್ಪಿನಕಾಯಿ ಹಾಕಿಕೊಡುವ ಸಣ್ಣ ಸ್ಟೀಲಿನ ವಾಟಿಗಳು ಮೂರು ಹಿಡಿಸಿದವು. ಅದರಲ್ಲೇ ಹಿಟ್ಟು ಸುರಿದೆವು.

ಅವ್ವನ ಮಂಚದಿಂದ ಅಡಿಗೆಮನೆಯ ಒಲೆ ನೇರ ಕಾಣುತ್ತದೆ. ಅವಳು ಮಲಗದೆ ನೋಡುತ್ತಿದ್ದಳು.

"ಬಾಯಿಗೆ ಸೆರಗ ಕಟ್ಟಿಕೋರಿ" ಅಂದಳು.

"ನೆಕ್ಕಂಗಿಲ್ಲವ್ವಾ, ಆಣಿ."

"ನಿನ್ನ ನಾಲಗಿಗೆ ಸಿಸ್ಟರು ರೂಢಿ ಹಚ್ಚ್ಯಾರ. ಕಟ್ಟಿಕೋ."

ಕಟ್ಟಿಕೊಂಡೆ. ವೈನಿಗೂ ಬಿಡಲಿಲ್ಲ. ಇಬ್ಬರು ನಡುವಯಸ್ಸಿನ ಹೆಂಗಸರು ಮೂಗಿನವರೆಗೆ ಸೆರಗು ಬಿಗಿದುಕೊಂಡು ಹಾಲು ತಿರುವುತ್ತಾ ನಿಂತೆವು. ವೈನಿ ಸೆರಗಿನೊಳಗಿಂದ, "ಕರೋನಾ ಮತ್ತ ಬಂತು ನೋಡು ನಮ್ಮ ಮನಿಗಿ" ಅಂದರು. ನನಗೆ ನಗು ತಡೆಯಲಾಗಲಿಲ್ಲ. ಅಷ್ಟರಲ್ಲಿ ಅಣ್ಣ ನೀರು ಕುಡಿಯಲು ಬಂದು ನಮ್ಮಿಬ್ಬರನ್ನು ನೋಡಿ ಬಾಗಿಲಲ್ಲೇ ನಿಂತ. "ಯಾವ ಬ್ಯಾಂಕಿಗೆ ಹೊಂಟೀರಿ?" ಎಂದು ಕೇಳಿದ. ವೈನಿ ಸಟ್ಟುಗ ಕೆಳಗಿಟ್ಟು ಗೋಡೆಗೆ ಒರಗಿ ನಕ್ಕರು. ಅವರು ಹಾಗೆ ನಕ್ಕದ್ದನ್ನು ನಾನು ನೋಡಿ ಬಹಳ ದಿನವಾಗಿತ್ತು. ನಗುತ್ತಾ ನಗುತ್ತಾ ಕಣ್ಣೊರೆಸಿಕೊಂಡರು, ಒರೆಸುವುದು ಸ್ವಲ್ಪ ಹೆಚ್ಚೇ ಹೊತ್ತು ನಡೆಯಿತು. ನಾನು ಹಾಲಿನ ಕಡೆ ನೋಡುತ್ತಾ ತಿರುವುತ್ತಲೇ ಇದ್ದೆ. ಹಸಿ ವಾಸನೆ ಹೋಯಿತೋ ಇಲ್ಲವೋ ಎಂದು ಬರೀ ಮೂಗಿನಿಂದ ಅಂದಾಜು ಮಾಡಿದೆ. ಸಟ್ಟುಗದ ಬೆನ್ನಿಗೆ ಹತ್ತಿದ ಹಳದಿಯಲ್ಲಿ ಬೆರಳಿನಿಂದ ಗೆರೆ ಎಳೆದೆ, ಗೆರೆ ನಿಂತಿತು. ಆಗಿದೆ ಎಂದು ಇಳಿಸಿದೆ. ಬೆರಳನ್ನು ನೆಕ್ಕಲಿಲ್ಲ, ನಳದ ಕೆಳಗೆ ತೊಳೆದೆ.

ಮನೆಯವರಿಗೆ ಫೋನು ಮಾಡಿ ಇವತ್ತು ಬರುವುದಿಲ್ಲ ಎಂದು ಹೇಳಿದೆ. "ಪುಡಿಂಗು ಹಿಡಿಸಲಿಲ್ಲೇನು?" ಎಂದು ಕೇಳಿದರು. "ಹಿಡಿಸಿಲ್ಲ ಅಂತಲ್ಲ" ಅಂದೆ. ಎಲ್ಲ ಬಿಡಿಸಿ ಹೇಳುವಷ್ಟು ತ್ರಾಣ ಇರಲಿಲ್ಲ. ಮುಂಜಾನೆಯ ಪುಡಿಂಗನ್ನು ಅಣ್ಣ ಎರಡು ತುಂಡು ತಿಂದ. ಉಳಿದದ್ದನ್ನು ಪಕ್ಕದ ಮನೆಯ ಮಕ್ಕಳಿಗೆ ಕೊಟ್ಟೆವು. ಎಲ್ಲರೂ ಬಹಳ ಛಲೋ ಆಗಿದೆ ಅಂದರು.

ಸಂಜೆ ಆರಕ್ಕೆ ಅವ್ವನನ್ನು ಮತ್ತೆ ಕೂರಿಸಿದೆವು. ಫ್ರಿಜ್ಜಿನಿಂದ ಒಂದು ವಾಟಿ ತೆಗೆದು ಅವಳ ಕೈಗೆ ಕೊಟ್ಟೆ. ಅವಳು ವಾಟಿಯನ್ನು ತಿರುಗಿಸಿ, ಆಳ ಎಷ್ಟಿದೆ ಎನ್ನುವ ಹಾಗೆ ಒಳಗೆ ನೋಡಿದಳು.

"ಇಷ್ಟಾದ್ರ ಮುಗೀತದ" ಅಂದಳು.

ನಾನೂ ವೈನಿಯೂ ಒಬ್ಬರ ಮುಖ ಒಬ್ಬರು ನೋಡಿದೆವು. ಹನ್ನೊಂದು ದಿನ ವೈನಿ ಪ್ರೀತಿಯಿಂದ ಬಟ್ಟಲು ತುಂಬ ಗಂಜಿ ತಂದಿಡುತ್ತಿದ್ದರು. ತುಂಬಿದ ಬಟ್ಟಲನ್ನು ಅರ್ಪಿಸಿದರೆ ತುಂಬಿದ್ದನ್ನೆಲ್ಲ ಮುಗಿಸಬೇಕು. ಮುಗಿಸಲು ಆಗುವುದಿಲ್ಲ. ಅದಕ್ಕೆ ಅವಳು ಅದರಿಂದ ತಾಟಿಗೆ ಎರಡೇ ಚಮಚ ಹಾಕಿಸಿಕೊಂಡು, ಉಳಿದದ್ದು ಬೇಡ ಎನ್ನುತ್ತಿದ್ದಳು. ಒಮ್ಮೆ ಬೇಡ ಎಂದ ಮೇಲೆ ಮತ್ತೆ ಕೇಳಲು ಸಂಕೋಚ. ಅವಳಿಗೆ ಹಸಿವು ಇರಲಿಲ್ಲ ಅಂತಲ್ಲ, ತಾಟಿನಲ್ಲಿ ಉಳಿದೀತೆಂಬ ಅಂಜಿಕೆ ಹಸಿವಿಗಿಂತ ದೊಡ್ಡದಿತ್ತು.

ಲಿಂಗಪೂಜೆ ಮಾಡಿದಳು. ಅರ್ಪಿಸಿದಳು. ಸಣ್ಣ ಚಮಚದಿಂದ ಮೇಲಿನ ಕಂದು, ನಡುವಿನ ಹಳದಿ, ಕೆಳಗಿನ ಕೇಕು ಮೂರೂ ಒಟ್ಟಿಗೆ ಬರುವಂತೆ ತೆಗೆದು ಬಾಯಿಗಿಟ್ಟಳು. ನಿಧಾನಕ್ಕೆ ದವಡೆ ಆಡಿಸಿದಳು. ನುಂಗಿದಳು. ಎರಡನೇ ಚಮಚ. ಮೂರನೇದು. ವಾಟಿ ಮುಗಿಯಿತು. ನೀರು ಹಾಕಿಸಿಕೊಂಡು, ಬೆರಳಿನಿಂದ ತೊಳೆದು, ಆ ಕಂದು ನೀರನ್ನು ಕುಡಿದಳು.

"ಇನ್ನೊಂದ ಅದ ಏನು?"

ವೈನಿ ಅವಸರದಿಂದ ತರಲು ಹೋಗಿ ಫ್ರಿಜ್ಜಿಗೆ ಮೊಣಕೈ ಬಡಿದುಕೊಂಡರು.

ಎರಡನೇದನ್ನೂ ಅವಳು ಮುಗಿಸಿದಳು. ಮಲಗಿಸಿದ ತಕ್ಷಣ ನಿದ್ದೆ ಹೋದಳು. ಕೈ ಎದೆಯ ಮೇಲಿನ ಕರಡಿಗೆಯ ಮೇಲಿತ್ತು.

ಮೂರನೇ ವಾಟಿಯನ್ನು ನಾನೂ ವೈನಿಯೂ ಅಡಿಗೆಕಟ್ಟೆಗೆ ಒರಗಿ ನಿಂತು ಎರಡು ಚಮಚದಲ್ಲಿ ತಿನ್ನತೊಡಗಿದೆವು. ಮುಂಜಾನೆಯಿಂದ ನಾನು ತಿಂದದ್ದು ಅದೇ ಮೊದಲು. ಮೇಲಿನ ಚಾಕಲೇಟು ಸರಿಯಿತ್ತು. ಹಳದಿ ನಾಲಗೆಗೆ ಹತ್ತಿದಾಗ ನಾನು ನಿಂತೆ. ವೈನಿಯೂ ನಿಂತರು. ಬರೀ ಸಪ್ಪೆ. ಬೇಯಿಸಿದ ಹಿಟ್ಟು ಹಾಲಿನಲ್ಲಿ ಕಲಸಿದ ಹಾಗೆ.

"ಸಕ್ಕರಿ ಹಾಕಿಲ್ಲೇನು ನೀ?"

"ನೀವು ಹಾಕೀರಿ ಅಂತ ನಾ..."

ವೈನಿ ಅಳೆದಿಟ್ಟ ಸಕ್ಕರೆ ಒಲೆಯ ಪಕ್ಕದ ಬಟ್ಟಲಲ್ಲಿ ಹಾಗೆಯೇ ಇತ್ತು. ನಾವು ನಗುತ್ತಾ ನಿಂತಾಗ ಯಾರೂ ಹಾಕಿರಲಿಲ್ಲ. ಯಾರಾದರೂ ಒಬ್ಬರು ಒಂದು ಹನಿ ನಾಲಗೆಗೆ ಇಟ್ಟಿದ್ದರೂ ತಿಳಿಯುತ್ತಿತ್ತು.

ಅವ್ವ ಅದನ್ನು ಎರಡು ವಾಟಿ ತಿಂದಿದ್ದಳು. ಜ್ವರದಲ್ಲಿ ನಾಲಗೆ ಸತ್ತು ರುಚಿಯೇ ತಿಳಿಯಲಿಲ್ಲವೋ, ಪ್ರಸಾದಕ್ಕೆ ಹೆಸರಿಡಬಾರದೆಂದು ಸುಮ್ಮನೆ ನುಂಗಿದಳೋ, ನನ್ನ ಮುಖ ನೋಡಿ ತಿಂದಳೋ. ಬಾಗಿಲಿಂದ ನೋಡಿದೆ. ಬಾಯಿ ಸ್ವಲ್ಪ ತೆರೆದು ಮಲಗಿದ್ದಳು. ಎಬ್ಬಿಸಿ ಕೇಳುವ ಮಾತಲ್ಲ ಅದು. ನಾವಿಬ್ಬರೂ ಆ ವಾಟಿಯನ್ನು ಮುಗಿಸಿದೆವು. ಆ ಮನೆಯಲ್ಲಿ ಬಿಡುವುದು ನಮಗೂ ಬರುವುದಿಲ್ಲ.

ಮರುದಿನ ಭಾನುವಾರ ವೈನಿ ಅದೇ ಸಣ್ಣ ವಾಟಿಯಲ್ಲಿ ಗಂಜಿ ಕೊಟ್ಟರು. ಮುಗಿಸಿದಳು. ಮಧ್ಯಾಹ್ನ ಒಂದು ವಾಟಿ ಬೇಳೆಯ ಕಟ್ಟಿನಲ್ಲಿ ಕಿವುಚಿದ ಅನ್ನ. ಸಂಜೆ ಒಂದು ವಾಟಿ ಸಜ್ಜಕ. ಪ್ರತಿ ಸಲವೂ ವಾಟಿಯ ಆಳ ನೋಡಿ, ಆಮೇಲೆ ಕರಡಿಗೆಗೆ ಕೈ ಹಾಕುತ್ತಿದ್ದಳು. ವೈನಿ ಪ್ರತಿ ಸಲ ಖಾಲಿ ವಾಟಿ ತಂದು ನನಗೆ ತೋರಿಸುತ್ತಿದ್ದರು.

ಸೋಮವಾರ ನಾನು, ವೈನಿ, ಅಣ್ಣ ಮೂವರೂ ಅವಳನ್ನು ಆಟೋದಲ್ಲಿ ಆಸ್ಪತ್ರೆಗೆ ಕರೆದೊಯ್ದೆವು. ತೂಕ ಏರಿರಲಿಲ್ಲ, ಇಳಿದೂ ಇರಲಿಲ್ಲ. ಡಾಕ್ಟರು ನಾಡಿ ನೋಡಿ, ಕಣ್ಣ ರೆಪ್ಪೆ ಎಳೆದು ನೋಡಿ, "ನಳಿಗಿ ಈಗ ಬ್ಯಾಡ. ಹಿಂಗೇ ತಿನ್ರಿ, ಮುಂದಿನ ವಾರ ನೋಡೋಣ" ಅಂದರು. "ಏನ ತಿಂದ್ರಿ ಅವ್ವಾರ ಎರಡ ದಿನ?"

ಅವ್ವ ಕೂತಲ್ಲೇ ಸೆರಗು ಸರಿಮಾಡಿಕೊಂಡಳು. "ಗಂಜಿ ತಿಂದೀನಿ, ಸೊಸಿ ಛಲೋ ಮಾಡ್ತಾಳ. ಮಗಳು ಪುಡಿಂಗ ಮಾಡಿದ್ಲು, ಮೂರ ಪದರಿಂದು. ಕೆಳಗಿಂದು ಮ್ಯಾಲಿಂದು ಭಾರಿ ಆಗಿತ್ತು. ನಡುವಿಂದಕ್ಕ ಸಕ್ಕರಿ ಹಾಕಾದ ಮರ್ತಿದ್ರು."

ಡಾಕ್ಟರು ನನ್ನ ಕಡೆ ನೋಡಿದರು. ಅಣ್ಣ ಛಾವಣಿ ನೋಡಿದ. ವೈನಿ ತಮ್ಮ ಪರ್ಸಿನ ಚೈನು ಎಳೆಯುತ್ತಾ ಕೂತರು.

ಹೊರಗೆ ಬಂದು ಅವ್ವನನ್ನು ಆಟೋದಲ್ಲಿ ಕೂರಿಸಿದೆವು. ಅಣ್ಣ ಔಷಧಿ ತರಲು ಹೋದ. ವೈನಿ ನನ್ನ ತೋಳು ಹಿಡಿದು ಸ್ವಲ್ಪ ದೂರ ಕರೆದರು.

"ನೀ ಇವತ್ತ ಇಲ್ಲಿಂದ ಸೀದಾ ಮನಿಗಿ ಹೋಗು. ನಾಕ ದಿನ ಬರಬ್ಯಾಡ. ಮಾರಿ ನೋಡ್ಕೊಂಡಿಯೇನು ಕನ್ನಡ್ಯಾಗ? ಆ ಪುಡಿಂಗು ನಾ ಮಾಡ್ತೀನಿ, ಹ್ಯಾಂಗಂತ ಬರ್ಕೊಡು."

ಹಳೆಯ ಔಷಧಿ ಚೀಟಿಯ ಹಿಂದೆ ಬರೆಯಲು ಮತ್ತೆ ಆಟೋದ ಹತ್ತಿರ ಬಂದು ಅದರ ಹಿಂಬದಿಗೆ ಕಾಗದ ಆನಿಸಿದೆ. ವೈನಿ ನನ್ನ ಹೆಗಲ ಮೇಲಿಂದ ಓದುತ್ತಾ ನಿಂತರು. ಹಾಲು ಅರ್ಧ ಲೀಟರು, ಪುಡಿ ಎರಡೂವರೆ ಚಮಚ. ಮುಂದಿನ ಸಾಲಿಗೆ ಬಂದಾಗ ವೈನಿ ದನಿ ಇಳಿಸಿ ಕೇಳಿದರು:

"ಸಕ್ಕರಿ ಹಾಕ್ಲೇನು? ಇಲ್ಲದಿದ್ರೂ ತಿಂತಾರಲ್ಲ, ವಯಸ್ಸಿಗೆ ಅದೇ ಛಲೋ."

ಆಟೋದ ಒಳಗಿನಿಂದ ಅವ್ವ ಅಂದಳು, "ಹಾಕ್ರಿ."